ಮೂಲ ಆಟ ಮತ್ತು ಅನ್ಯರ ವಿಸ್ತರಣೆ

ಕುಮಾರವ್ಯಾಸನು ಗದಾಪರ್ವದವರೆಗೆ ಹೇಳಿದ ಭಾರತದ ಕಥೆಯನ್ನು ಕೃಷ್ಣದೇವರಾಯನ ಕಾಲದ ತಿಮ್ಮಣ್ಣಕವಿಯು ಮುಂದುವರಿಸಿದ ಸಂಗತಿ ಐಚ್ಛಿಕ ಕನ್ನಡದ ವಿದ್ಯಾರ್ಥಿಗಳಿಗೆ ಪರಿಚಿತವಾದುದು. ಒಬ್ಬರ ಕಥನವನ್ನು ಇನ್ನೊಬ್ಬರು ಬೆಳೆಸಿದಾಗ ಏಳುವ ಪ್ರಶ್ನೆಗಳು ನೀವು ಆಡುವ ವಿಡಿಯೊ ಗೇಮ್‌ಗಳಲ್ಲಿಯೂ ಇವೆ. 'ಫಿಯರ್' ಎಂಬ ಆಟವನ್ನು ಉದಾಹರಣೆಯಾಗಿ ನೋಡೋಣ.

ಅಮೆರಿಕದ ಮೊನೊಲಿತ್ ಸಂಸ್ಥೆ ರೂಪಿಸಿದ ಈ ಆಟ 2005ರ ಅಕ್ಟೋಬರಿನಲ್ಲಿ ಹೊರಬಂದಿತು. ಇದರಲ್ಲಿ ಆಟಗಾರನು ಒಬ್ಬ ಸೈನಿಕನ ಕಣ್ಣಿನಿಂದ ಎಲ್ಲವನ್ನೂ ಕಾಣುತ್ತಾನೆ. ಶತ್ರುಗಳೊಡನೆ ಗುಂಡಿನ ಕಾಳಗ ಒಂದೆಡೆ. ಕೆಂಪು ಉಡುಪು ತೊಟ್ಟ ಆಲ್ಮಾ ಎಂಬ ಬಾಲಕಿಯ ಆಕೃತಿ ಹಠಾತ್ತನೆ ಎದುರಾಗಿ ಹುಟ್ಟಿಸುವ ಭಯ ಇನ್ನೊಂದೆಡೆ. ಮಹಾಸ್ಫೋಟದಿಂದ ಪಾರಾಗಿ ಹೆಲಿಕಾಪ್ಟರ್ ಏರಿದವರ ಮುಂದೆ ಅವಳು ಮತ್ತೆ ಕಾಣಿಸಿಕೊಳ್ಳುವಲ್ಲಿಗೆ ಕಥೆ ನಿಲ್ಲುತ್ತದೆ.

ಮರುವರ್ಷ 'ಎಕ್ಸ್‌ಟ್ರ್ಯಾಕ್ಷನ್ ಪಾಯಿಂಟ್' ಎಂಬ ವಿಸ್ತರಣೆ ಬಂದಿತು. ಆಟಗಾರರು ಇಂಥದನ್ನು ಎಕ್ಸ್‌ಪ್ಯಾನ್ಷನ್ ಪ್ಯಾಕ್ ಎನ್ನುತ್ತಾರೆ. ಕಂಪ್ಯೂಟರಿನಲ್ಲಿ ಮೂಲ ಆಟವಿದ್ದರೆ ಮಾತ್ರ ಇದು ನಡೆಯುತ್ತಿತ್ತು. ಕಾಳಗದ ನಿಯಮಗಳು, ಕಾಲವನ್ನು ನಿಧಾನಗೊಳಿಸುವ ನಾಯಕನ ಶಕ್ತಿ ಎಲ್ಲವೂ ಮೂಲದವೇ. ಕಥಾಭಾಗ, ಸ್ಥಳಗಳು, ಕೆಲವು ಆಯುಧಗಳು ಹೊಸವು. ರಚಿಸಿದವರು ಮಾತ್ರ ಬೇರೆ: ಟೈಮ್‌ಗೇಟ್ ಸ್ಟುಡಿಯೋಸ್. ಅದೇ ಹೆಲಿಕಾಪ್ಟರಿನ ಪತನದಿಂದ ಕಥೆಯನ್ನು ಎತ್ತಿಕೊಂಡ ಅವರು, ಸತ್ತಿದ್ದ ಖಳನಾಯಕ ಫೆಟಲ್‌ನನ್ನು ಮರಳಿ ತಂದರು. ನಾಯಕನ ಸಂಗಾತಿಗಳಾದ ಜಿನ್ ಮತ್ತು ಹಾಲಿಡೇ ಇಬ್ಬರನ್ನೂ ಸಾಯಿಸಿದರು.

ಬೇರೆಯವರು ರಚಿಸಿದ್ದಕ್ಕೆ ಹಕ್ಕುಗಳ ಹಿನ್ನೆಲೆಯಿದೆ. ಮೊನೊಲಿತ್ ವಾರ್ನರ್ ಬ್ರದರ್ಸ್ ಸಂಸ್ಥೆಯ ಒಡೆತನಕ್ಕೆ ಸೇರಿತ್ತು. 'ಫಿಯರ್' ಎಂಬ ಹೆಸರಿನ ಹಕ್ಕಾದರೋ ಪ್ರಕಾಶಕರಾದ ವಿವೆಂಡಿಯವರಲ್ಲಿ ಉಳಿದಿತ್ತು. 2008ರಲ್ಲಿ ಹೆಸರೂ ಮೂಲ ರಚನಕಾರರ ಕಡೆಗೆ ಬಂದಿತು. 2009ರಲ್ಲಿ ಅವರು ಹೊರತಂದ ಎರಡನೆಯ ಭಾಗವು ವಿಸ್ತರಣೆಯ ಘಟನೆಗಳನ್ನು ಗಣನೆಗೇ ತೆಗೆದುಕೊಳ್ಳಲಿಲ್ಲ. ನಮ್ಮ ಗ್ರಂಥಸಂಪಾದನೆಯ ಪರಿಭಾಷೆಯಲ್ಲಿ ಹೇಳುವುದಾದರೆ, ಅದು ಪ್ರಕ್ಷಿಪ್ತವೆನಿಸಿತು.

ತಿಮ್ಮಣ್ಣಕವಿಯ ಭಾಗವನ್ನು ಅಳಿಸಿ ಬರೆಯಲು ಕುಮಾರವ್ಯಾಸನು ಮರಳಿ ಬರಲಿಲ್ಲ. ಇಲ್ಲಿ ಮೂಲ ಕರ್ತೃಗಳೇ ಮರಳಿದರು. ಆದರೂ ಹಾಲಿಡೇಯ ಸಾವನ್ನು ಕಂಡು ಮರುಗಿದ ಆಟಗಾರನ ಅನುಭವವನ್ನು ಯಾವ ಹಕ್ಕುಪತ್ರವೂ ರದ್ದುಪಡಿಸಲಾರದು. ಪ್ರಕ್ಷಿಪ್ತವೆಂದು ತಿಳಿದ ಪದ್ಯವನ್ನು ಒಳ್ಳೆಯ ಸಂಪಾದಕನು ಪಠ್ಯದಿಂದ ಬೇರ್ಪಡಿಸಿ ಅನುಬಂಧದಲ್ಲಿ ಕಾಯ್ದಿಡುತ್ತಾನೆ. ಒಂದು ಕಾಲದ ಓದುಗರು ಅದನ್ನೂ ಕಾವ್ಯವೆಂದೇ ಓದಿದ್ದರು ಎಂಬ ಅರಿವು ಅವನಿಗಿರುತ್ತದೆ. ಈ ವಿಸ್ತರಣೆಗೂ ಅಂಥದೇ ಸ್ಥಾನ ಸಲ್ಲಬೇಕು.