ಮಾಡಿದ್ದಲ್ಲ, ಮಾಡಿಸಿದ್ದು

ನಮ್ಮ ‘ಇಸು’ ಪ್ರತ್ಯಯದಂಥದ್ದು ಜಪಾನಿ ಭಾಷೆಯಲ್ಲೂ ಇದೆ. ‘ಸುರು’ ಎಂದರೆ ಮಾಡು, ‘ಸಸೆರು’ ಎಂದರೆ ಮಾಡಿಸು. 1930ರ ಫೆಬ್ರುವರಿಯಲ್ಲಿ ತೆರೆಕಂಡ ಒಂದು ಮೂಕಿ ಚಿತ್ರದ ಜೀವ ಈ ಪ್ರತ್ಯಯದಲ್ಲೇ ಇತ್ತು. ‘ನಾನಿ ಗ ಕನೊಜೊ ಒ ಸೋ ಸಸೆತ ಕ’: ಅವಳಿಂದ ಹಾಗೆ ಮಾಡಿಸಿದ್ದು ಯಾವುದು? ಯಾರು ಅಂತಲೂ ಅಲ್ಲ, ಯಾವುದು.

ಮೊದಲು ಅದು ನಾಟಕ. ಎಡಪಂಥೀಯ ಲೇಖಕ ಸೇಕಿಚಿ ಫುಜಿಮೊರಿ ಬರೆದ ಅದು ಟೋಕಿಯೊದ ತ್ಸುಕಿಜಿ ಕಿರುರಂಗಮಂದಿರದಲ್ಲಿ ರಂಗಕ್ಕೆ ಬಂದದ್ದು 1927ರಲ್ಲಿ. ಜಪಾನಿನ ಬ್ಯಾಂಕುಗಳು ಸಾಲುಸಾಲಾಗಿ ಬಾಗಿಲು ಹಾಕಿದ ವರ್ಷ ಅದು. ಅದನ್ನು ಸಿನಿಮಾ ಮಾಡಿದ ಒಸಾಕಾದ ತೇಕೊಕು ಕಿನೆಮಾ ಕ್ರಾಂತಿಗೆ ಹೊರಟ ಸಂಸ್ಥೆಯೇನಲ್ಲ, ಟಿಕೆಟ್ ಮಾರಿ ಬದುಕುವ ಕಂಪನಿ. ಬಡವರ ಸಿಟ್ಟಿಗೂ ಪ್ರೇಕ್ಷಕರಿದ್ದಾರೆ ಎಂಬುದು ಆಗಿನ ನಿರ್ಮಾಪಕರಿಗೆ ಗೊತ್ತಾಗಿತ್ತು. ಇಂಥವನ್ನು ‘ಒಲವಿನ ಚಿತ್ರ’ಗಳೆಂದು ಕರೆಯುತ್ತಿದ್ದರು. ಒಲವು ಎಡಕ್ಕೆ.

ನಿರ್ದೇಶಕ ಶಿಗೆಯೋಶಿ ಸುಜುಕಿ. ಕಥಾನಾಯಕಿ ಸುಮಿಕೊಳ ಪಾತ್ರದಲ್ಲಿ ಕೇಕೊ ತಕಾತ್ಸು. ಅಪ್ಪ ಕೊಟ್ಟ ಪತ್ರ ಹಿಡಿದು ಸುಮಿಕೊ ಚಿಕ್ಕಪ್ಪನ ಮನೆಗೆ ಬರುತ್ತಾಳೆ. ಅವನು ಅವಳನ್ನು ಸರ್ಕಸ್ಸಿಗೆ ಮಾರುತ್ತಾನೆ. ಅಲ್ಲಿಂದ ಓಡಿದರೆ ಕಳ್ಳರ ಸಹವಾಸ. ಆಮೇಲೆ ಸಿರಿವಂತರ ಮನೆಗೆಲಸ, ಪ್ರಿಯಕರನೊಂದಿಗೆ ಸಾಯುವ ಯತ್ನ, ಬದುಕಿ ಉಳಿದದ್ದಕ್ಕೆ ಕ್ರೈಸ್ತ ಆಶ್ರಮ. ಒಂದೇ ಹುಡುಗಿಯ ಹಣೆಗೆ ಇಷ್ಟೆಲ್ಲ ಕಟ್ಟಿದ್ದು ಅತಿಯಾಯಿತೆಂದು ನನಗೂ ಅನಿಸಿತು. ಆದರೆ ಅವಳು ತಟ್ಟುವ ಬಾಗಿಲುಗಳನ್ನು ನೋಡಿ: ನೆಂಟರ ಮನೆ, ದೊಡ್ಡವರ ಮನೆ, ದೇವರ ಮನೆ. ಕಾಪಾಡಬೇಕಾದ ಬಾಗಿಲುಗಳಿಂದಲೇ ಅವಳು ಹೊರಬೀಳುತ್ತಾಳೆ. ಕೊನೆಗೆ ಆಶ್ರಮದ ಚರ್ಚಿಗೆ ಬೆಂಕಿ ಇಡುತ್ತಾಳೆ. ಅಲ್ಲಿಗೆ ತೆರೆಯ ಮೇಲೆ ಶೀರ್ಷಿಕೆಯ ಪ್ರಶ್ನೆ.

ಜಪಾನಿನಲ್ಲಿ ಮೂಕಿ ಚಿತ್ರ ಮೂಕವಾಗಿರಲಿಲ್ಲ. ತೆರೆಯ ಪಕ್ಕದಲ್ಲಿ ನಿಂತು ಕಥೆ ಹೇಳುವ ‘ಬೆನ್ಶಿ’ ಇರುತ್ತಿದ್ದ, ನಮ್ಮ ಭಾಗವತರ ಹಾಗೆ. ಅವನ ಬಾಯಲ್ಲಿ ಕೇಳಿದ ಆ ಪ್ರಶ್ನೆ ಊರ ಮಾತಾಯಿತು, ಚಿತ್ರ ಭರ್ಜರಿಯಾಗಿ ಓಡಿತು. ‘ಕಿನೆಮಾ ಜುನ್ಪೊ’ ಪತ್ರಿಕೆ ಆ ವರ್ಷದ ಸಮಕಾಲೀನ ಕಥೆಯ ಜಪಾನಿ ಚಿತ್ರಗಳಲ್ಲಿ ಅದಕ್ಕೇ ಮೊದಲ ಸ್ಥಾನ ಕೊಟ್ಟಿತು. ಅದೇ ವರ್ಷ ಕಂಪನಿಯ ನಾಗಾಸೆ ಸ್ಟುಡಿಯೊ ಸುಟ್ಟುಹೋಯಿತು. ಸೆನ್ಸಾರು ಬಿಗಿಯಾದಂತೆ ಒಲವಿನ ಚಿತ್ರಗಳ ಕಾಲವೂ ಮುಗಿಯಿತು.

ದಶಕಗಳ ಕಾಲ ಕಳೆದೇಹೋಯಿತೆಂದುಕೊಂಡಿದ್ದ ಈ ಚಿತ್ರದ ಪ್ರತಿ 1990ರ ದಶಕದಲ್ಲಿ ರಷ್ಯಾದ ಗಾಸ್‌ಫಿಲ್ಮ್‌ಫಾಂಡ್ ಸಂಗ್ರಹದಲ್ಲಿ ಸಿಕ್ಕಿತು, ಮೊದಲೂ ಕೊನೆಯೂ ಇಲ್ಲದೆ. ಚರ್ಚು ಉರಿಯುವ ದೃಶ್ಯ ಇಂದಿಗೂ ಸಿಕ್ಕಿಲ್ಲ. ಈಗ ನೋಡಲು ಸಿಗುವ ಪ್ರತಿಯಲ್ಲಿ ಆ ಜಾಗದಲ್ಲಿರುವುದು ಬರೀ ಅಕ್ಷರ.