ಮನೆಯಲ್ಲೇ ಮಾವಿನ ಸಾರ್ಬೆಟ್

ಮೇ ತಿಂಗಳಿನಲ್ಲಿ ಕರಾವಳಿಯ ಹಿತ್ತಿಲುಗಳಲ್ಲಿ ತಿನ್ನುವವರಿಗಿಂತ ಉದುರುವ ಮಾವಿನ ಹಣ್ಣೇ ಹೆಚ್ಚು. ಮಳೆ ಹನಿಯಿತೆಂದರೆ ಉಳಿದುದಕ್ಕೆ ಹುಳು ತಪ್ಪಿದ್ದಲ್ಲ. ಮುಂಬಯಿಯಿಂದಲೋ ಕೊಲ್ಲಿ ರಾಷ್ಟ್ರಗಳಿಂದಲೋ ಮಕ್ಕಳು ಮೊಮ್ಮಕ್ಕಳು ರಜೆಗೆ ಬಂದು ಮನೆ ತುಂಬಿರುವಾಗ ಸಾರ್ಬೆಟ್ ಮಾಡಿ ನೋಡಬಹುದು. ಇದು ಹಾಲು, ಕೆನೆ ಯಾವುದೂ ಸೇರದ ಹಣ್ಣಿನ ಐಸ್. ಹೆಸರು ಪರಕೀಯವೆನಿಸಿದರೂ ನಮ್ಮ ಶರಬತ್ತಿನ ಬಂಧುವೇ. ಅರಬ್ಬಿ ಮೂಲದ ಪದವೊಂದು ಪಾರಸಿಯ ಮೂಲಕ ನಮ್ಮಲ್ಲಿ ಶರಬತ್ತಾಯಿತು; ತುರ್ಕಿಯ ಮೂಲಕ ಇಟಲಿಗೆ ಹೋಗಿ ಸೋರ್ಬೆತ್ತೊ ಆಯಿತು. ನೇಪಲ್ಸಿನ ಆಂತೋನಿಯೊ ಲತೀನಿ 1690ರ ದಶಕದಲ್ಲಿ ಪ್ರಕಟಿಸಿದ ಪಾಕಗ್ರಂಥದಲ್ಲಿಯೇ ಇದನ್ನು ಮಾಡುವ ಕ್ರಮಗಳಿವೆ.

ನನ್ನ ಮೊದಲ ಪ್ರಯತ್ನ ಕೆಟ್ಟಿತು. ಮಾವನವರಿಗೆ ಸಕ್ಕರೆ ಕಾಯಿಲೆಯೆಂದು ಸಕ್ಕರೆಯನ್ನು ಅರ್ಧಕ್ಕೆ ಇಳಿಸಿದ್ದೆ. ಚಮಚ ಬಾಗಿತೇ ಹೊರತು ಸಾರ್ಬೆಟ್ ಏಳಲಿಲ್ಲ! ಕಾರಣ ತಿಳಿದದ್ದು ಆಮೇಲೆ. ಸಕ್ಕರೆ ಕರಗಿದ ನೀರು ಸೊನ್ನೆ ಡಿಗ್ರಿಯಲ್ಲಿ ಹೆಪ್ಪುಗಟ್ಟುವುದಿಲ್ಲ. ಮಂಜಿನ ಹರಳುಗಳ ನಡುವೆ ಒಂದಿಷ್ಟು ಪಾಕ ದ್ರವವಾಗಿಯೇ ಉಳಿದು ಎಲ್ಲವನ್ನೂ ಮೃದುವಾಗಿಡುತ್ತದೆ. ಸಕ್ಕರೆ ಕಡಿಮೆಯಾದರೆ ಕಲ್ಲು. ಮಿತಿಮೀರಿದರೆ ಇಡೀ ರಾತ್ರಿ ಇಟ್ಟರೂ ಗಟ್ಟಿಯಾಗದ ಗಂಜಿ.

ಒಂದು ಕಿಲೊ ಮಾವಿನ ತಿರುಳಿಗೆ 250 ಗ್ರಾಂ ಸಕ್ಕರೆ, ಒಂದು ಲೋಟ ನೀರು ಸಾಕು. ಸಕ್ಕರೆಯನ್ನು ನೀರಿನಲ್ಲಿ ಕುದಿಸಿ ಕರಗಿಸಿ, ಪೂರ್ತಿ ಆರಿಸಿ, ತಿರುಳಿಗೆ ಬೆರೆಸಬೇಕು. ಎರಡು ಲಿಂಬೆಯ ರಸ, ಚಿಟಿಕೆ ಉಪ್ಪು ಸೇರಲಿ. ಕಾಟು ಮಾವಾದರೆ ನಾರು ಹೋಗುವಂತೆ ಜರಡಿಯಲ್ಲಿ ಸೋಸಿಕೊಳ್ಳುವುದು ಅಗತ್ಯ. ರುಚಿಯಲ್ಲಿ ಅದನ್ನು ಮೀರಿಸುವ ಹಣ್ಣು ನನಗಿನ್ನೂ ಸಿಕ್ಕಿಲ್ಲ. ಅಗಲವಾದ ಸ್ಟೀಲು ಪಾತ್ರೆಯಲ್ಲಿ ಸುರಿದು ಫ್ರೀಜರಿನಲ್ಲಿಡಿ. ಅಂಚು ಗಟ್ಟಿಯಾದೊಡನೆ ಹೊರತೆಗೆದು ಚೆನ್ನಾಗಿ ಕಡೆಯಬೇಕು. ಹೀಗೆ ಮೂರು ಬಾರಿ ಕಡೆದರೆ ದೊಡ್ಡ ಹರಳು ಕಟ್ಟುವುದಿಲ್ಲ. ಈ ಕೆಲಸಕ್ಕೆ ಮಕ್ಕಳನ್ನು ಕರೆದರೆ ಪಾತ್ರೆಯ ಕಾಲುಭಾಗ ಅಲ್ಲಿಯೇ ಖಾಲಿಯಾಗುವುದು ಬೇರೆ ಮಾತು.

ಕಲ್ಲಂಗಡಿಯ ರಸಕ್ಕೆ ನೀರು ಬೇಡ. ಇಂಥ ತೆಳು ರಸಗಳಲ್ಲಿ ಸಕ್ಕರೆಯ ಹದ ನೋಡಲು ಹಳೆಯದೊಂದು ಉಪಾಯವಿದೆ. ತೊಳೆದ ತಾಜಾ ಮೊಟ್ಟೆಯನ್ನು ಚಿಪ್ಪು ಒಡೆಯದೆ ರಸದಲ್ಲಿ ಬಿಡಬೇಕು. ಒಂದು ರೂಪಾಯಿ ನಾಣ್ಯದಷ್ಟು ಚಿಪ್ಪು ಮೇಲೆ ಕಂಡರೆ ಹದ ಸರಿ. ಮೊಟ್ಟೆ ಮುಳುಗಿದರೆ ಇನ್ನಷ್ಟು ಸಕ್ಕರೆ, ತೀರ ತೇಲಿದರೆ ಇನ್ನಷ್ಟು ರಸ.

ಈಗ ನಾನು ಸಕ್ಕರೆಗೆ ಕತ್ತರಿ ಹಾಕುವುದಿಲ್ಲ, ಬಟ್ಟಲನ್ನು ಚಿಕ್ಕದು ಮಾಡಿದ್ದೇನೆ. ಮಾವನವರ ಪಾಲು ಎರಡು ಚಮಚ, ಅದೂ ಅಂದಿನ ಮಾವಿನ ಹೋಳಿಗೆ ಬದಲಾಗಿ. ಅವರು ಅದನ್ನು ಅರ್ಧ ಗಂಟೆ ತಿನ್ನುತ್ತಾರೆ.