ಕೊಟ್ಟರೂ ಉಳಿಯುವ ನೌಕೆ, ಕೊಟ್ಟರೆ ಹೋಗುವ ನೌಕೆ

ಹಲವರು ಒಟ್ಟಿಗೆ ಆಡುವ ಬಾಹ್ಯಾಕಾಶದ ವಿಡಿಯೊ ಗೇಮ್‌ಗಳು ಬಹುಮಟ್ಟಿಗೆ ಬಡತನದಿಂದಲೇ ಶುರುವಾಗುತ್ತವೆ. ‘ನೋ ಮ್ಯಾನ್ಸ್ ಸ್ಕೈ’ ಆಡಲು ಕೂತವರು ಹೆಸರೂ ಗೊತ್ತಿಲ್ಲದ ಗ್ರಹವೊಂದರ ಮೇಲೆ ಕಣ್ಣು ಬಿಡುತ್ತಾರೆ. ಮೈಮೇಲೊಂದು ಕವಚ, ಬಂಡೆ ಕೊರೆಯಲು ಮಲ್ಟಿ-ಟೂಲ್, ಆಚೆ ಕೆಟ್ಟು ನಿಂತ ನೌಕೆ: ಬಂಡವಾಳ ಇಷ್ಟೇ. ಕವಚದೊಳಗಿನ ರಕ್ಷಣೆ ಮುಗಿಯುವುದರೊಳಗೆ ಸೋಡಿಯಂ, ಆಮ್ಲಜನಕ, ಕಾರ್ಬನ್ ಹುಡುಕಬೇಕು. ಅದಿರಿನಿಂದ ಲೋಹದ ತಗಡು ಮಾಡಿ ನೌಕೆಯನ್ನು ರಿಪೇರಿ ಮಾಡಿದ ಮೇಲಷ್ಟೇ ಆಕಾಶದ ದಾರಿ ತೆರೆಯುತ್ತದೆ. ಮುಂದಿನ ನೂರಾರು ಗಂಟೆಗಳ ಆಟವೆಲ್ಲ ಸಲಕರಣೆಯ ಸುತ್ತಲೇ ನಡೆಯುತ್ತದೆ. ಅದನ್ನು ತಾನೇ ತಯಾರಿಸಬಹುದು, ಅಂಗಡಿಯಲ್ಲಿ ಕೊಳ್ಳಬಹುದು, ಬಿದ್ದು ಹಾಳಾದ ನೌಕೆಯನ್ನು ಹುಡುಕಿ ಸರಿಮಾಡಿಕೊಳ್ಳಬಹುದು, ಇನ್ನೊಬ್ಬ ಆಟಗಾರನಿಂದ ಪಡೆಯಬಹುದು. ಈ ಕೊನೆಯ ದಾರಿಯೇ ಒಂದು ಆಟವನ್ನು ಇನ್ನೊಂದರಿಂದ ಬೇರೆ ಮಾಡುವುದು. ಕೊಟ್ಟವನ ಬಳಿ ವಸ್ತು ಉಳಿಯುತ್ತದೆಯೋ ಇಲ್ಲವೋ ಎಂಬುದರ ಮೇಲೆ ಆಟಗಾರರ ಸ್ನೇಹ, ವ್ಯಾಪಾರ, ಮೋಸ ಎಲ್ಲವೂ ನಿಂತಿವೆ.

ಇಂಗ್ಲೆಂಡಿನ ಗಿಲ್ಡ್‌ಫರ್ಡ್ ಊರಿನ ಹೆಲೋ ಗೇಮ್ಸ್ 2016ರ ಆಗಸ್ಟ್‌ನಲ್ಲಿ ‘ನೋ ಮ್ಯಾನ್ಸ್ ಸ್ಕೈ’ ಬಿಡುಗಡೆ ಮಾಡಿತು. ಅದರ ಗ್ರಹಗಳ ಸಂಖ್ಯೆ ಎರಡರ 64ನೇ ಘಾತ, ಅಂದರೆ 18ರ ಮುಂದೆ 18 ಸೊನ್ನೆ ಇಟ್ಟರೆ ಸಿಗುವುದಕ್ಕಿಂತಲೂ ಹೆಚ್ಚು. ಇಷ್ಟು ಗ್ರಹಗಳನ್ನು ಯಾರೂ ಕೂತು ಬರೆದಿಲ್ಲ. ಒಂದು ಗಣಿತ ಸೂತ್ರ ಬೇಕಾದಾಗ ಬೇಕಾದ ಗ್ರಹವನ್ನು ಹುಟ್ಟಿಸುತ್ತದೆ, ಎಲ್ಲರ ಯಂತ್ರದಲ್ಲೂ ಅದೇ ಗ್ರಹವನ್ನು ಹುಟ್ಟಿಸುತ್ತದೆ. ಬಿಡುಗಡೆಯ ದಿನವೇ ಇಬ್ಬರು ಆಟಗಾರರು ಹುಡುಕಿಕೊಂಡು ಹೋಗಿ ಒಂದೇ ಜಾಗದಲ್ಲಿ ನಿಂತರು, ಆದರೆ ಒಬ್ಬರಿಗೊಬ್ಬರು ಕಾಣಲಿಲ್ಲ. ಎದುರುಬದುರು ಕಾಣಿಸಿಕೊಂಡು ಒಟ್ಟಿಗೆ ಆಡುವ ಪೂರ್ಣ ಸೌಲಭ್ಯ ಬಂದದ್ದು 2018ರ ಜುಲೈ 24ರ ‘ನೆಕ್ಸ್ಟ್’ ಪರಿಷ್ಕರಣೆಯಲ್ಲಿ. 2019ರ ಆಗಸ್ಟ್‌ನ ‘ಬಿಯಾಂಡ್’ ಪರಿಷ್ಕರಣೆಯ ನಂತರ ಸ್ಪೇಸ್ ಅನಾಮಲಿ ಎಂಬ ನಿಲ್ದಾಣ ಎಲ್ಲ ಆಟಗಾರರೂ ಸೇರುವ ಕಟ್ಟೆಯಾಯಿತು.

ಈಗ ಹತ್ತಿರ ನಿಂತ ಆಟಗಾರನಿಗೆ ಅದಿರನ್ನೋ ಬೆಲೆಬಾಳುವ ಸಾಮಾನನ್ನೋ ನೇರವಾಗಿ ದಾಟಿಸಬಹುದು. ಅನಾಮಲಿಯಲ್ಲಿ ಹೊಸಬರ ಚೀಲಕ್ಕೆ ಅಪರಿಚಿತರು ದುಬಾರಿ ಸಾಮಾನು ಹಾಕಿ, ಮಾತಿಲ್ಲದೆ ಹೋಗಿಬಿಡುವುದು ಅಲ್ಲಿ ಬೆಳೆದಿರುವ ಒಳ್ಳೆಯ ರೂಢಿ. ನೌಕೆಯ ವಿಷಯದಲ್ಲಿ ಇನ್ನೂ ಸೊಗಸಾದ ಪದ್ಧತಿಯಿದೆ. ನೌಕೆಗಳಿಗೆ ಸಿ, ಬಿ, ಎ, ಎಸ್ ಎಂಬ ದರ್ಜೆಗಳಿವೆ, ಎಸ್ ಎಲ್ಲಕ್ಕಿಂತ ಮೇಲು. ಯಾರಿಗಾದರೂ ಅಪರೂಪದ ನೌಕೆಯೊಂದು ಕಂಡರೆ ಅವರು ಅದು ಇರುವ ನಕ್ಷತ್ರದ ವಿಳಾಸವನ್ನು ಹಂಚುತ್ತಾರೆ. ಹದಿನಾರು ಚಿಹ್ನೆಗಳಿಂದ ಆರಿಸಿದ ಹನ್ನೆರಡು ಚಿಹ್ನೆಗಳ ಸಾಲೇ ಆ ವಿಳಾಸ. ಅದನ್ನು ಯಾವುದಾದರೂ ಗ್ರಹದ ಪೋರ್ಟಲ್‌ನಲ್ಲಿ ಒತ್ತಿದವರು ಅಲ್ಲಿಗೇ ಹೋಗಿ ಇಳಿಯುತ್ತಾರೆ, ಅದೇ ನೌಕೆಯನ್ನು ಪಡೆಯುತ್ತಾರೆ. ಒಳ್ಳೆಯ ಹಲಸಿನ ಮರ ಎಲ್ಲಿದೆಯೆಂದು ಊರಿಗೆಲ್ಲ ಹೇಳಿದ ಹಾಗೆ ಇದು, ಆದರೆ ಎಷ್ಟು ಜನ ಕಿತ್ತರೂ ಈ ಮರದ ಹಣ್ಣು ಮುಗಿಯುವುದಿಲ್ಲ. ಸೂತ್ರ ಒಂದೇ ಆಗಿರುವುದರಿಂದ ಪ್ರತಿಯೊಬ್ಬರಿಗೂ ಅವರದೇ ಒಂದು ನೌಕೆ ಸಿಗುತ್ತದೆ, ಹೇಳಿದವರಿಗೆ ನಷ್ಟವಿಲ್ಲ. ಇಲ್ಲಿ ಹಂಚಿಕೊಳ್ಳುವ ನಿಜವಾದ ಸಲಕರಣೆ ಮಾಹಿತಿಯೇ.

‘ಎಲೀಟ್ ಡೇಂಜರಸ್’ ಆಟದಲ್ಲಿ ಕೈ ಅಷ್ಟು ಸಡಿಲವಿಲ್ಲ. 2014ರ ಡಿಸೆಂಬರ್‌ನಲ್ಲಿ ಬಂದ, ಕೇಂಬ್ರಿಜ್‌ನ ಫ್ರಾಂಟಿಯರ್ ಕಂಪನಿಯ ಈ ಆಟ ನಮ್ಮ ಆಕಾಶಗಂಗೆಯನ್ನೇ 40,000 ಕೋಟಿ ನಕ್ಷತ್ರಗಳೊಂದಿಗೆ ಕಟ್ಟಿಕೊಡುತ್ತದೆ. ಒಬ್ಬ ಆಟಗಾರ ಇನ್ನೊಬ್ಬನಿಗೆ ಹಣವನ್ನು ನೇರವಾಗಿ ಕೊಡುವಂತಿಲ್ಲ, ನೌಕೆಯನ್ನೂ ಕೊಡುವಂತಿಲ್ಲ. ಸರಕನ್ನು ಶೂನ್ಯಕ್ಕೆ ಬಿಟ್ಟು ಗೆಳೆಯನಿಂದ ಎತ್ತಿಸಬಹುದು. 2020ರಿಂದ, 500 ಕೋಟಿ ಕ್ರೆಡಿಟ್ ಕೂಡಿಟ್ಟವರು ಫ್ಲೀಟ್ ಕ್ಯಾರಿಯರ್ ಎಂಬ ಬೃಹತ್ ನೌಕೆ ಕೊಂಡು ಇತರರಿಗೆ ತಂಗಲು, ವ್ಯಾಪಾರ ಮಾಡಲು ಜಾಗ ಕೊಡಬಹುದು. ಆದರೆ ಈ ಆಟದ ಅತ್ಯಂತ ಮನಮುಟ್ಟುವ ಹಂಚಿಕೆ ಇಂಧನದ್ದು. ಎಲ್ಲ ನಕ್ಷತ್ರಗಳಿಂದಲೂ ಇಂಧನ ಹೀರಲು ಬರುವುದಿಲ್ಲ. ಲೆಕ್ಕ ತಪ್ಪಿದವರ ನೌಕೆ ಕತ್ತಲಲ್ಲಿ ನಿಂತುಬಿಡುತ್ತದೆ, ಆಮ್ಲಜನಕ ಕೆಲವೇ ನಿಮಿಷಕ್ಕಾಗುತ್ತದೆ. ಅಂಥವರಿಗಾಗಿ ಆಟಗಾರರೇ ಕಟ್ಟಿಕೊಂಡ ಸ್ವಯಂಸೇವಕರ ದಳ ‘ಫ್ಯುಯೆಲ್ ರ‍್ಯಾಟ್ಸ್’. ಕರೆ ಬಂದರೆ ಹತ್ತಿರದಲ್ಲಿರುವ ಸದಸ್ಯರು ಹೊರಟು, ಲಿಂಪೆಟ್ ಎಂಬ ಪುಟ್ಟ ಡ್ರೋನ್‌ಗಳ ಮೂಲಕ ಇಂಧನ ತುಂಬಿಸಿ ಬರುತ್ತಾರೆ. ಶುಲ್ಕ ತೆಗೆದುಕೊಳ್ಳುವುದಿಲ್ಲ. ಆಟದ ನಿಯಮ ಕೊಡುಗೆಗೆ ಬಿಟ್ಟಿದ್ದು ಒಂದು ಕಿರುದಾರಿ, ಅದರಲ್ಲೇ ಇವರು ಇಂಥ ಸಂಸ್ಥೆಯೊಂದನ್ನು ಬೆಳೆಸಿದ್ದಾರೆ.

ಕೊಟ್ಟರೆ ನಿಜಕ್ಕೂ ಹೋಗಿಬಿಡುವ ಲೋಕ ‘ಈವ್ ಆನ್‌ಲೈನ್’. ಐಸ್‌ಲ್ಯಾಂಡಿನ ಸಿಸಿಪಿ ಕಂಪನಿ 2003ರ ಮೇ 6ರಂದು ಆರಂಭಿಸಿದ ಈ ಆಟದಲ್ಲಿ ಏಳು ಸಾವಿರಕ್ಕೂ ಹೆಚ್ಚು ನಕ್ಷತ್ರ ವ್ಯೂಹಗಳಿವೆ, ಮುಖ್ಯ ಸರ್ವರಿನ ಆಟಗಾರರೆಲ್ಲ ಇರುವುದು ಒಂದೇ ವಿಶ್ವದಲ್ಲಿ. ನೌಕೆಗಳನ್ನು ಬಹುಪಾಲು ಆಟಗಾರರೇ ತಯಾರಿಸುತ್ತಾರೆ: ಒಬ್ಬರು ಅದಿರು ತೋಡುತ್ತಾರೆ, ಇನ್ನೊಬ್ಬರು ಕರಗಿಸುತ್ತಾರೆ, ಮತ್ತೊಬ್ಬರು ಬ್ಲೂಪ್ರಿಂಟ್ ಹಿಡಿದು ಕಟ್ಟುತ್ತಾರೆ. ಬ್ಲೂಪ್ರಿಂಟ್‌ನ ಮೂಲವನ್ನು ಭದ್ರವಾಗಿಟ್ಟು, ಕೆಲವೇ ಸಲ ಬಳಸಲು ಬರುವ ಪ್ರತಿಗಳನ್ನು ಹಂಚುವುದು ಇಲ್ಲಿನ ಜಾಣ ವ್ಯವಸ್ಥೆ. ಜೀಟಾ ಎಂಬ ನಕ್ಷತ್ರ ವ್ಯೂಹದ ನಿಲ್ದಾಣ ಎಲ್ಲಕ್ಕಿಂತ ದೊಡ್ಡ ಸಂತೆ. ಸರಕು ಸಾಗಿಸಲು ಅಪರಿಚಿತರಿಗೆ ಒಪ್ಪಿಸುವಾಗ ಅವರಿಂದ ಅಷ್ಟೇ ಬೆಲೆಯ ಠೇವಣಿ ಕಟ್ಟಿಸಿಕೊಳ್ಳಬಹುದು. ಸರಕು ತಲುಪದಿದ್ದರೆ ಆ ಠೇವಣಿ ಸರಕು ಒಪ್ಪಿಸಿದವರ ಪಾಲು. ಈ ಲೋಕದ ಅರ್ಥವ್ಯವಸ್ಥೆಯನ್ನು ಗಮನಿಸಲು ಕಂಪನಿ 2007ರಲ್ಲಿ ಎಯೋಲ್ಫುರ್ ಗುಡ್ಮುಂಡ್ಸನ್ ಎಂಬ ಅರ್ಥಶಾಸ್ತ್ರಜ್ಞರನ್ನೇ ನೇಮಿಸಿಕೊಂಡಿತ್ತು.

ಆಟಗಾರರು ಕಾರ್ಪೊರೇಷನ್‌ಗಳಾಗಿ ಸೇರಿ ಸಾಮೂಹಿಕ ಉಗ್ರಾಣ ಇಟ್ಟುಕೊಳ್ಳುತ್ತಾರೆ. ಯಾರು ಯಾವ ಕಪಾಟು ತೆಗೆಯಬಹುದೆಂಬ ಹಕ್ಕನ್ನು ಮುಖ್ಯಸ್ಥರು ಹಂಚುತ್ತಾರೆ. ಯುದ್ಧದಲ್ಲಿ ನೌಕೆ ಕಳೆದುಕೊಂಡ ಸದಸ್ಯರಿಗೆ ಒಕ್ಕೂಟದ ಖಜಾನೆಯಿಂದ ಪರಿಹಾರ ಕೊಡುವ ಪದ್ಧತಿಯೂ ಇದೆ. 2004ರಲ್ಲಿ ಆಟಗಾರರೇ ತೆರೆದ ‘ಈವ್ ಯೂನಿವರ್ಸಿಟಿ’ ಹೊಸಬರಿಗೆ ಪಾಠ ಹೇಳುವುದರ ಜೊತೆಗೆ ಸಾಮಗ್ರಿಯನ್ನೂ ಕೊಡುತ್ತದೆ. ಇಷ್ಟು ನಂಬಿಕೆ ಬೇಕಾದ ಕಡೆ ದ್ರೋಹಕ್ಕೂ ಬೆಲೆಯಿದೆ. 2005ರಲ್ಲಿ ಗೈಡಿಂಗ್ ಹ್ಯಾಂಡ್ ಸೋಶಿಯಲ್ ಕ್ಲಬ್ ಎಂಬ ಗುಂಪಿನವರು ಇನ್ನೊಂದು ಕಾರ್ಪೊರೇಷನ್ನಿನೊಳಗೆ ಸದಸ್ಯರಾಗಿ ಸೇರಿ, ತಿಂಗಳುಗಟ್ಟಲೆ ವಿಶ್ವಾಸ ಗಳಿಸಿ, ಒಂದೇ ದಿನ ಉಗ್ರಾಣಗಳನ್ನು ಬರಿದು ಮಾಡಿದರು. ಹೋದ ಆಸ್ತಿಯ ಬೆಲೆಯನ್ನು ನಿಜವಾದ ಹಣದಲ್ಲಿ ಸುಮಾರು 16,500 ಡಾಲರ್ ಎಂದು ಅಂದಾಜು ಮಾಡಲಾಯಿತು. ಆಟದ ನಿಯಮದಲ್ಲಿ ಅದು ತಪ್ಪಾಗಿರಲಿಲ್ಲ. ದ್ರೋಹವಿಲ್ಲದೆಯೂ ಆಸ್ತಿ ಹೋಗುತ್ತದೆ: 2014ರ ಜನವರಿ 27ರಂದು ಬಿ-ಆರ್5ಆರ್‌ಬಿ ಎಂಬ ವ್ಯೂಹದಲ್ಲಿ ಆರಂಭವಾದ ಕಾಳಗಕ್ಕೆ ಕಾರಣ, ಆ ಪ್ರದೇಶದ ಒಡೆತನಕ್ಕೆ ಕಟ್ಟಬೇಕಿದ್ದ ಮೊತ್ತ ಸಂದಾಯವಾಗದೆ ಉಳಿದದ್ದು. ಸುಮಾರು 21 ಗಂಟೆಗಳಲ್ಲಿ 75 ಟೈಟನ್‌ಗಳು, ಅಂದರೆ ನೂರಾರು ಜನರ ತಿಂಗಳುಗಳ ದುಡಿಮೆಯ ಫಲವಾದ ದೈತ್ಯ ನೌಕೆಗಳು, ನಾಶವಾದವು. ಒಟ್ಟು ನಷ್ಟ ಮೂರು ಲಕ್ಷ ಡಾಲರಿಗೂ ಹೆಚ್ಚೆಂದು ಲೆಕ್ಕ ಹಾಕಲಾಯಿತು.

ಈ ಆಟಗಳ ನಡುವಿನ ವ್ಯತ್ಯಾಸದ ಬೇರು ದಾಖಲೆ ಎಲ್ಲಿರುತ್ತದೆ ಎಂಬುದರಲ್ಲಿದೆ. ‘ನೋ ಮ್ಯಾನ್ಸ್ ಸ್ಕೈ’ಯಲ್ಲಿ ಆಸ್ತಿಯ ಪಟ್ಟಿ ಆಟಗಾರರ ಯಂತ್ರದ ಕಡತದಲ್ಲಿ ಇರುತ್ತದೆ, ತಿದ್ದಲು ಬರುತ್ತದೆ. ಹಾಗಾಗಿ ಯಾವ ವಸ್ತುವೂ ಶಾಶ್ವತವಾಗಿ ವಿರಳವಲ್ಲ, ದಾನವೂ ಸುಲಭ. ‘ಈವ್’ನ ಪ್ರತಿ ತಿರುಪೂ ಲಂಡನ್ನಿನಲ್ಲಿರುವ ಒಂದೇ ಸರ್ವರಿನ ಲೆಕ್ಕಪುಸ್ತಕದಲ್ಲಿ ಒಬ್ಬರ ಹೆಸರಿನಿಂದ ಇನ್ನೊಬ್ಬರ ಹೆಸರಿಗೆ ಬದಲಾಗಬೇಕು.

ಆ ಲೆಕ್ಕಪುಸ್ತಕ ನಮ್ಮಲ್ಲಿನ ಆಟಗಾರರಿಂದ, ಉದಾಹರಣೆಗೆ ಚೆನ್ನೈಯಲ್ಲಿ ಕೂತವರಿಂದ, ಎಷ್ಟು ದೂರ? ಗಾಜಿನ ತಂತುವಿನಲ್ಲಿ ಬೆಳಕು ಸೆಕೆಂಡಿಗೆ ಸುಮಾರು ಎರಡು ಲಕ್ಷ ಕಿಲೋಮೀಟರ್ ಓಡುತ್ತದೆ. ಚೆನ್ನೈ ಕಡಲ ತಳದ ಕೇಬಲ್‌ಗಳು ದಡ ಮುಟ್ಟುವ ಊರು. 2002ರಲ್ಲಿ ಬಂದ, ಸಿಂಗಪುರಕ್ಕೆ ಹೋಗುವ ಐ-ಟು-ಐ ಕೇಬಲ್ಲಿನ ಉದ್ದ ಸುಮಾರು 3,200 ಕಿ.ಮೀ. ಸಿಂಗಪುರದಲ್ಲಿ ಸರ್ವರ್ ಇರುವ ಆಟಕ್ಕೆ ಸಂದೇಶ ಹೋಗಿ ಬರಲು ಬೇಕಾದ ಕನಿಷ್ಠ ಕಾಲ 32 ಮಿಲಿಸೆಕೆಂಡ್. ಲಂಡನ್ನಿಗೆ ನೇರ ಗೆರೆ ಎಳೆದರೂ 80 ಮಿಲಿಸೆಕೆಂಡ್ ದಾಟುತ್ತದೆ, ಕೇಬಲ್ ಸುತ್ತಿ ಹೋಗುವುದರಿಂದ ವಾಸ್ತವದಲ್ಲಿ ಇನ್ನೂ ಹೆಚ್ಚು. ಗುಂಡು ಹಾರಿಸುವ ಆಟಗಳಲ್ಲಿ ಇದು ಸೋಲಿಸುವಷ್ಟು ದೊಡ್ಡ ತಡ. ‘ಈವ್’ ಸರ್ವರ್ ಲೆಕ್ಕ ಹಾಕುವುದು ಸೆಕೆಂಡಿಗೆ ಒಮ್ಮೆ ಮಾತ್ರವಾದ್ದರಿಂದ ಚೆನ್ನೈಯವರಿಗೆ ಹೇಳಿಕೊಳ್ಳುವಂಥ ತೊಂದರೆಯಿಲ್ಲ. ಅವರ ನಿಜವಾದ ಅಡಚಣೆ ಗಡಿಯಾರ. ಯುರೋಪಿನ ಗುಂಪುಗಳು ಸಂಜೆ ಸೇರುವ ಹೊತ್ತಿಗೆ ಇಲ್ಲಿ ನಡುರಾತ್ರಿ. ಸಾಮೂಹಿಕ ಉಗ್ರಾಣದಲ್ಲಿ ಪಾಲು ಸಿಗುವುದು ಜೊತೆಗೆ ಹೋರಾಡಿದವರಿಗೆ. ಆದ್ದರಿಂದ ಭಾರತದಿಂದ ಆಡುವವರು ತಮ್ಮ ಎಚ್ಚರದ ಹೊತ್ತಿಗೆ ಹೊಂದುವ ಗುಂಪನ್ನು ಆರಿಸಿಕೊಳ್ಳುವುದು ಲೇಸು.

ಪರದೆಯ ಈಚೆಗಿನ ಸಲಕರಣೆಗೆ ಚೆನ್ನೈಯಲ್ಲಿ ಅಣ್ಣಾ ಸಾಲೈ ಪಕ್ಕದ ರಿಚಿ ಸ್ಟ್ರೀಟ್ ಇದೆ. ಗ್ರಾಫಿಕ್ಸ್ ಕಾರ್ಡ್, ಮದರ್‌ಬೋರ್ಡ್, ಕೀಬೋರ್ಡ್ ಹುಡುಕುವವರು ಹೋಗುವುದು ಅಲ್ಲಿಗೆ. ಕಂಪ್ಯೂಟರ್ ಇಲ್ಲದವರು ಗಂಟೆ ಲೆಕ್ಕದಲ್ಲಿ ಗೇಮಿಂಗ್ ಸೆಂಟರ್‌ಗಳಲ್ಲಿ ಆಡುತ್ತಾರೆ. ಅಲ್ಲಿ ಕಡತ ಉಳಿಯುವುದು ಆ ಅಂಗಡಿಯ ಯಂತ್ರದಲ್ಲೋ ಸ್ವಂತ ಖಾತೆಯ ಕ್ಲೌಡ್‌ನಲ್ಲೋ ಎಂದು ಮೊದಲೇ ನೋಡಿಕೊಳ್ಳಬೇಕು. ಆಟವನ್ನೇ ಹಂಚಿಕೊಳ್ಳಲೂ ದಾರಿಯಿದೆ: 2024ರಲ್ಲಿ ಬಂದ ಸ್ಟೀಮ್ ಎಂಬ ಆನ್‌ಲೈನ್ ಆಟದಂಗಡಿಯ ‘ಸ್ಟೀಮ್ ಫ್ಯಾಮಿಲೀಸ್’ ವ್ಯವಸ್ಥೆಯಲ್ಲಿ ಮನೆಯ ಆರು ಜನರವರೆಗೆ, ಹಂಚಲು ಅವಕಾಶವಿರುವ ಆಟಗಳನ್ನು ಒಟ್ಟಾಗಿ ಬಳಸಬಹುದು. ಒಂದು ಪ್ರತಿಯನ್ನು ಒಂದು ಹೊತ್ತಿಗೆ ಒಬ್ಬರೇ ಆಡಬೇಕು. ಅಣ್ಣ ತಂಗಿ ಒಂದೇ ಗ್ರಹದಲ್ಲಿ ಒಟ್ಟಿಗೆ ಇಳಿಯಬೇಕಾದರೆ ಎರಡು ಪ್ರತಿ ಕೊಳ್ಳಲೇಬೇಕು.

ಹಣದ ಪ್ರಶ್ನೆಯೂ ಇದೆ. ತಮಿಳುನಾಡಿನ 2025ರ ನಿಯಮಗಳು ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ರಾತ್ರಿ 12ರಿಂದ ಬೆಳಗಿನ 5ರವರೆಗೆ ನಿಷೇಧಿಸಿದವು. ಅದೇ ವರ್ಷ ಜೂನ್‌ನಲ್ಲಿ ಮದ್ರಾಸ್ ಹೈಕೋರ್ಟ್ ಅವನ್ನು ಎತ್ತಿಹಿಡಿಯಿತು. ಆಗಸ್ಟ್‌ನಲ್ಲಿ ಬಂದ ಕೇಂದ್ರದ ಕಾಯ್ದೆ ಗೆಲ್ಲುವ ಆಸೆಯಿಂದ ಹಣ ಪಣವಿಡುವ ಆಟಗಳನ್ನೇ ನಿಷೇಧಿಸಿತು. ಒಮ್ಮೆ ಬೆಲೆ ಕೊಟ್ಟೋ ತಿಂಗಳ ಚಂದಾ ಕಟ್ಟಿಯೋ ಆಡುವ, ಪಣವಿಲ್ಲದ ಆಟಗಳನ್ನು ಅದು ಬೇರೆಯಾಗಿ ಗುರುತಿಸುತ್ತದೆ. ಅನ್ವೇಷಣೆಯ ಆಟಗಳು ಸಾಮಾನ್ಯವಾಗಿ ಈ ಎರಡನೆಯ ಗುಂಪಿಗೆ ಸೇರುತ್ತವೆ. ಆದರೆ ಪಣ ಎಂದರೆ ಏನೆಂದು ಹೇಳುವಾಗ ಆ ಕಾಯ್ದೆ ಹಣ ಕೊಟ್ಟು ಕೊಂಡ ಕಾಯಿನ್, ಟೋಕನ್ ಮತ್ತು ಕಾಲ್ಪನಿಕ ವಸ್ತುಗಳನ್ನೂ ಹೆಸರಿಸಿದೆ. ‘ಈವ್’ನಲ್ಲಿ ಪ್ಲೆಕ್ಸ್ ಎಂಬ ವಸ್ತುವನ್ನು ಕಂಪನಿಯಿಂದ ಹಣಕ್ಕೆ ಕೊಂಡು ಆಟದೊಳಗೆ ಮಾರಬಹುದು, ಮರಳಿ ರೂಪಾಯಿ ಮಾಡಿಕೊಳ್ಳುವಂತಿಲ್ಲ. ಹೊರಗಿನ ದಲ್ಲಾಳಿಗಳಿಂದ ನೌಕೆಯನ್ನೋ ಆಟದ ಹಣವನ್ನೋ ಕೊಳ್ಳುವುದು ಕಂಪನಿಯ ನಿಯಮಕ್ಕೆ ವಿರುದ್ಧ. ಸಿಕ್ಕಿಬಿದ್ದವರ ಖಾತೆ ಮುಚ್ಚಿಹೋಗಬಹುದು, ಖಾತೆ ಹೋದರೆ ಅದರೊಳಗೆ ವರ್ಷಗಟ್ಟಲೆ ದುಡಿದು ಕೂಡಿಟ್ಟ ಸಾಮಗ್ರಿಯೂ ಕೈಬಿಡುತ್ತದೆ.